ಮೂಕಚಿತ್ರದ ಪತಿತೆಯೂ ಮಹಾಕೂಟದ ವಿನಾಪೋಟಿಯೂ

ಕುಣಿಯಬಲ್ಲ ಹೆಣ್ಣಿನ ಬಾಳು ಕಡೆಗೆ ಕೆಡಲೇಬೇಕೆಂಬುದು ಒಂದು ಕಥಾಸೂತ್ರ. ಚಲಚ್ಚಿತ್ರಕ್ಕೆ ಇನ್ನೂ ಮಾತು ಬಾರದಿದ್ದ ಕಾಲದಲ್ಲಿ, ಎಂದರೆ ಇಪ್ಪತ್ತನೆಯ ಶತಮಾನದ ಮೊದಲ ಮೂರು ದಶಕಗಳಲ್ಲಿ, ಈ ಸೂತ್ರವು ಯುರೋಪಿನ ಪ್ರೇಕ್ಷಕರ ಮನಸ್ಸನ್ನು ಬಲವಾಗಿ ಹಿಡಿದಿತ್ತು. ಬಾದಾಮಿ, ಮಹಾಕೂಟ, ಪಟ್ಟದಕಲ್ಲು, ಐಹೊಳೆಗಳ ಶಾಸನಗಳನ್ನು ಅಭ್ಯಸಿಸುವವರಿಗೆ ಇದರಿಂದೇನು ಪ್ರಯೋಜನವೆಂದು ಕೇಳಬಹುದು. ಪ್ರಯೋಜನವುಂಟು. ದೇವಾಲಯದ ಕಂಬದ ಮೇಲೆ 'ಸೂಳೆ' ಎಂಬ ಶಬ್ದವನ್ನು ಕಂಡೊಡನೆ ನಮ್ಮ ವಿದ್ಯಾರ್ಥಿಗಳ ಮನಸ್ಸಿನಲ್ಲಿ ಏಳುವ ಚಿತ್ರವು ಆ ಶಾಸನದ ಕಾಲದ್ದಾಗಿರುವುದು ವಿರಳ. ಬಹುಮಟ್ಟಿಗೆ ಅದು ರಂಗಭೂಮಿಯಿಂದಲೂ ಚಿತ್ರಪಟದಿಂದಲೂ ಬಂದದ್ದು. ಯಾವ ಕಣ್ಣಿನಿಂದ ಓದುತ್ತಿದ್ದೇವೆಂಬುದನ್ನು ಮೊದಲು ಪರೀಕ್ಷಿಸಿಕೊಂಡರೆ ಓದಿದ್ದು ಸ್ಪಷ್ಟವಾದೀತು. ಆದುದರಿಂದ ಪ್ರಕೃತ ಲೇಖನವನ್ನು ದೂರದ ಒಂದು ಮೂಕಚಿತ್ರದಿಂದ ಆರಂಭಿಸಿ, ನಮ್ಮ ನಾಡಿನ ಒಂದು ಮೂಕಚಿತ್ರವನ್ನು ಹಾಯ್ದು, ಮಲಪ್ರಭೆಯ ದಂಡೆಯ ಸೀಮೆಗೆ ಬರುತ್ತೇವೆ.

ಆ ದೂರದ ಚಿತ್ರವು ಡೆನ್ಮಾರ್ಕಿನದು. ಡೇನಿಷ್ ಭಾಷೆಯಲ್ಲಿ 'ಅಫ್‌ಗ್ರುಂಡೆನ್' ಎಂದು ಹೆಸರು. 'ಪ್ರಪಾತ' ಎಂದು ಅರ್ಥ. ಉರ್ಬನ್ ಗಾಡ್ ನಿರ್ದೇಶಿಸಿದ ಈ ಚಿತ್ರವು 1910ರ ಸೆಪ್ಟೆಂಬರಿನಲ್ಲಿ ಕೋಪನ್‌ಹೇಗನ್ ನಗರದಲ್ಲಿ ಪ್ರಥಮವಾಗಿ ಪ್ರದರ್ಶಿತವಾಯಿತು. ಅದು ಮುಕ್ಕಾಲು ಗಂಟೆಗೂ ಕಡಿಮೆ ಅವಧಿಯ ಚಿತ್ರ. ನಾಯಿಕೆ ಮಗ್ದಾ ಪಿಯಾನೋ ಕಲಿಸಿ ಜೀವನ ಸಾಗಿಸುವ ಉಪಾಧ್ಯಾಯಿನಿ. ಟ್ರಾಮಿನಲ್ಲಿ ಪರಿಚಯವಾದ ಪಾದ್ರಿಯ ಮಗನೊಡನೆ ಅವಳ ವಿವಾಹವು ನಿಶ್ಚಯವಾಗಿರುತ್ತದೆ. ಬೇಸಗೆಯಲ್ಲಿ ಅವನ ತಂದೆತಾಯಿಗಳ ಮನೆಗೆ ಹೋದಾಗ ಆ ಊರಿಗೆ ಸರ್ಕಸ್ಸು ಬರುತ್ತದೆ. ಸರ್ಕಸ್ಸಿನ ಒಬ್ಬ ಕಲಾವಿದನ ಮೋಹಕ್ಕೆ ಒಳಗಾಗಿ ಅವಳು ಅವನೊಡನೆ ಹೊರಟುಹೋಗುತ್ತಾಳೆ. ಅವನು ನಿಷ್ಠೆಯುಳ್ಳವನಲ್ಲ. ಹೊಟ್ಟೆಪಾಡಿಗಾಗಿ ರಂಗದ ಮೇಲೆ ಕುಣಿಯುವ ಸ್ಥಿತಿಗೂ, ಮುಂದೆ ಉಪಾಹಾರಗೃಹದಲ್ಲಿ ವಾದ್ಯ ನುಡಿಸುವ ಸ್ಥಿತಿಗೂ ಬಂದ ಮಗ್ದಾ ಕೊನೆಗೆ ಚೂರಿಯಿಂದ ಅವನನ್ನು ಇರಿದು ಕೊಲ್ಲುತ್ತಾಳೆ. ಪೋಲೀಸರು ಅವಳನ್ನು ಕರೆದೊಯ್ಯುವಲ್ಲಿಗೆ ಚಿತ್ರವು ಮುಗಿಯುತ್ತದೆ.

ಕಥೆಯು ಹೊಸತಲ್ಲ; ಹೊಸತಾಗಿದ್ದುದು ಅಸ್ತಾ ನೀಲ್ಸನ್ ಎಂಬ ನಟಿ. ರಂಗಭೂಮಿಯಲ್ಲಿ ಅಷ್ಟಾಗಿ ಹೆಸರು ಮಾಡದಿದ್ದ ಇವರಿಗೆ ಇದೇ ಮೊದಲನೆಯ ಚಿತ್ರ. ಆ ಕಾಲದ ನಟರು ಕೈಬೀಸಿ ಎದೆಗುದ್ದಿಕೊಂಡು ದುಃಖವನ್ನು ತೋರಿಸುತ್ತಿದ್ದರೆ, ಇವರು ಬಹುಪಾಲನ್ನು ಕಣ್ಣು ಮತ್ತು ಹೆಗಲುಗಳಿಂದಲೇ ಸಾಧಿಸಿದರು. ಚಿತ್ರದ ಹೃದಯವೆನ್ನಿಸಿದ ಭಾಗವು ಒಂದು ನೃತ್ಯ. ದಕ್ಷಿಣ ಅಮೆರಿಕೆಯ ದನಗಾಹಿಗಳ ವೇಷದ ಆ ಕುಣಿತದಲ್ಲಿ ಮಗ್ದಾ ತನ್ನ ಪ್ರಿಯಕರನನ್ನು ಹಗ್ಗದಿಂದ ಬಿಗಿದು, ಅವನ ಸುತ್ತ ಮೈಬಳಸಿ ಕುಣಿಯುತ್ತಾಳೆ. ಸ್ವೀಡನ್, ನಾರ್ವೆ ದೇಶಗಳಲ್ಲಿ ಪರೀಕ್ಷಕರು ಈ ಭಾಗಕ್ಕೆ ಕತ್ತರಿ ಹಾಕಿದರೆಂಬುದು ಸಹಜವೇ. ಆದರೆ ಆ ನೃತ್ಯವನ್ನು ಕೇವಲ ಶೃಂಗಾರವೆಂದು ತಳ್ಳಿಹಾಕುವುದು ಸರಿಯಲ್ಲ. ಕಟ್ಟಿಹಾಕಲ್ಪಟ್ಟವನು ಗಂಡಸು, ಕಟ್ಟುವವಳು ಹೆಣ್ಣು. ಕಥೆಯುದ್ದಕ್ಕೂ ಅವಳು ಅವನಿಗೆ ಅಧೀನಳು. ಕುಣಿತದ ಆ ಕೆಲವು ನಿಮಿಷಗಳಲ್ಲಿ ಮಾತ್ರ ಹಗ್ಗವು ಅವಳ ಕೈಯಲ್ಲಿದೆ. ಪತನದ ಕಥೆಯೊಳಗೇ ಪತನಕ್ಕೆ ಒಗ್ಗದ ಒಂದು ತುಣುಕು ಹೀಗೆ ಸಿಕ್ಕಿಕೊಂಡಿದೆ.

ಮಗ್ದಾಳ ಹಿನ್ನೆಲೆಯು ನಮಗೆ ತಿಳಿಯುವುದಿಲ್ಲವೆಂಬುದನ್ನೂ ಇಲ್ಲಿಯೇ ಗುರುತಿಸಿಡಬೇಕು. ಗಂಡಿಗೆ ತಂದೆ, ತಾಯಿ, ಮನೆ, ಪಾದ್ರಿಯ ವೃತ್ತಿ ಎಲ್ಲವೂ ಇವೆ. ಅವಳ ತಾಯಿ ಯಾರು, ಯಾವ ಊರು, ಸಂಗೀತವನ್ನು ಯಾರಿಂದ ಕಲಿತಳು ಎಂಬುದು ಕಥೆಗೆ ಬೇಕಾಗಿಲ್ಲ. ಬೇರಿಲ್ಲದ ಗಿಡವನ್ನು ಉರುಳಿಸುವುದು ಕಥೆಗಾರನಿಗೆ ಸುಲಭ.

ನಮ್ಮ ದೇಶದ ಕಡೆ ಬರೋಣ. 1913ರ ಮೇ ತಿಂಗಳಲ್ಲಿ ಮುಂಬಯಿಯಲ್ಲಿ ಪ್ರದರ್ಶಿತವಾದ ದಾದಾಸಾಹೇಬ ಫಾಳಕೆಯವರ 'ರಾಜಾ ಹರಿಶ್ಚಂದ್ರ' ಚಿತ್ರದಲ್ಲಿ ತಾರಾಮತಿಯ ಪಾತ್ರವನ್ನು ವಹಿಸಿದವನು ಉಪಾಹಾರಗೃಹದಲ್ಲಿ ಅಡಿಗೆಯವನಾಗಿದ್ದ ಸಾಳುಂಕೆ ಎಂಬ ತರುಣ. ಛಾಯಾಯಂತ್ರದ ಮುಂದೆ ನಿಲ್ಲಲು ಹೆಂಗಸರು ಒಪ್ಪಲಿಲ್ಲ; ಕುಣಿತವನ್ನೇ ವೃತ್ತಿಯಾಗಿ ಹೊಂದಿದ್ದವರು ಕೂಡ ಒಪ್ಪಲಿಲ್ಲ. ಅದೇ ವರ್ಷ ಫಾಳಕೆಯವರು ತೆಗೆದ 'ಮೋಹಿನೀ ಭಸ್ಮಾಸುರ'ದಲ್ಲಿ ದುರ್ಗಾಬಾಯಿ ಕಾಮತ್ ಮತ್ತು ಅವರ ಮಗಳು ಕಮಲಾಬಾಯಿ ನಟಿಸಿದರು. ತಾಯಿ ಪಾರ್ವತಿ, ಮಗಳು ಮೋಹಿನಿ. ಭಾರತೀಯ ಚಿತ್ರಪಟದ ಮೇಲೆ ಹೆಣ್ಣೊಬ್ಬಳು ನರ್ತಿಸಿದ ಮೊದಲ ಕಥೆಯೆಂದು ಇದನ್ನು ಹೇಳುವ ವಾಡಿಕೆ. ಕುತೂಹಲದ ಸಂಗತಿಯೆಂದರೆ, ಈ ಕಥೆಯಲ್ಲಿ ಕುಣಿತದಿಂದ ಕೆಡುವವನು ಭಸ್ಮಾಸುರ. ಮೋಹಿನಿಯು ಕೈಯನ್ನು ತನ್ನ ತಲೆಯ ಮೇಲಿಟ್ಟು ಕುಣಿದಳು. ಅವನೂ ಇಟ್ಟುಕೊಂಡ, ಉರಿದುಹೋದ. ನಮ್ಮ ಪುರಾಣಕ್ಕೆ ಡೆನ್ಮಾರ್ಕಿನ ಸೂತ್ರವು ತಿಳಿದಿರಲಿಲ್ಲವೆಂದು ತೋರುತ್ತದೆ.

ಆದರೆ ಅಭಿನಯಿಸುವ ಹೆಣ್ಣಿನ ವಿಷಯದಲ್ಲಿ ಸಮಾಜದ ಅನುಮಾನವು ಹೋಗಲಿಲ್ಲ. 1918ರಲ್ಲಿ ಚಲಚ್ಚಿತ್ರ ಕಾಯಿದೆಯೂ, 1920ರಿಂದ ಮುಂಬಯಿ ಮೊದಲಾದೆಡೆ ಪರೀಕ್ಷಕ ಮಂಡಲಿಗಳೂ ಬಂದವು. 1927–28ರಲ್ಲಿ ದಿವಾನ್ ಬಹಾದೂರ್ ಟಿ. ರಂಗಾಚಾರಿಯವರ ಅಧ್ಯಕ್ಷತೆಯಲ್ಲಿ ದೇಶವೆಲ್ಲ ತಿರುಗಿ ಸಾಕ್ಷ್ಯ ಸಂಗ್ರಹಿಸಿದ ಸಮಿತಿಯ ಮುಂದೆಯೂ 'ಮರ್ಯಾದಸ್ಥ ಮನೆತನದ' ಸ್ತ್ರೀಯರು ಚಿತ್ರಗಳಲ್ಲಿ ನಟಿಸುವ ಪ್ರಶ್ನೆ ಬಂದಿತು. ಈ 'ಮರ್ಯಾದೆ'ಯ ಪ್ರಶ್ನೆಗೆ ಕನ್ನಡಿಗರು ಮೂಕಚಿತ್ರದ ಮೂಲಕವೇ ಕೊಟ್ಟ ಒಂದು ಉತ್ತರವುಂಟು.

ಅದೇ 'ವಸಂತಸೇನಾ'. ಮೋಹನ ಭವನಾನಿಯವರು 1931ರ ಸುಮಾರಿಗೆ ಶೂದ್ರಕನ 'ಮೃಚ್ಛಕಟಿಕ'ವನ್ನಾಧರಿಸಿ ಈ ಮೂಕಚಿತ್ರವನ್ನು ನಿರ್ದೇಶಿಸಿದರು. ಇದಕ್ಕೂ ಮುನ್ನ 1928ರ 'ಶಿರಾಜ್' ಚಿತ್ರದಲ್ಲಿ ನಟಿಸಿದ್ದ ಏಣಾಕ್ಷಿ ರಾಮರಾವ್ ಇದರ ಪ್ರಮುಖ ನಟಿ. ಕನ್ನಡ ಪ್ರಹಸನದ ಪ್ರವರ್ತಕರಾದ ಟಿ. ಪಿ. ಕೈಲಾಸಂ ಇದರಲ್ಲಿ ಪಾತ್ರ ವಹಿಸಿದರು. ಮಂಗಳೂರಿನಲ್ಲಿ 1903ರಲ್ಲಿ ಜನಿಸಿ, ಬಾಲ್ಯದಲ್ಲೇ ವಿಧವೆಯಾಗಿ, ಪುನರ್ವಿವಾಹ ಮಾಡಿಕೊಂಡು, 1930ರ ಉಪ್ಪಿನ ಸತ್ಯಾಗ್ರಹದಲ್ಲಿ ಸೆರೆಮನೆಗೆ ಹೋದ ಕಮಲಾದೇವಿ ಚಟ್ಟೋಪಾಧ್ಯಾಯರೂ ಇದರಲ್ಲಿ ನಟಿಸಿದರು. ವಿದ್ಯಾವಂತರೂ ರಾಷ್ಟ್ರಸೇವಕರೂ ಗಣಿಕೆಯ ಕಥೆಯೊಂದರಲ್ಲಿ ಕೂಡಿದುದು ಆ ಕಾಲದಲ್ಲಿ ಸಣ್ಣ ಮಾತಲ್ಲ.

ಅವರು ಆರಿಸಿಕೊಂಡ ಕಥೆಯನ್ನು ಗಮನಿಸಬೇಕು. ವಸಂತಸೇನೆ ಉಜ್ಜಯಿನಿಯ ಗಣಿಕೆ; ಕಲಾವಿದೆ, ಧನಿಕೆ. ಬಡವನಾದ ಚಾರುದತ್ತನನ್ನು ಪ್ರೀತಿಸಿದವಳು. ದಾಸಿಯಾದ ಮದನಿಕೆಯನ್ನು ಬಿಡುಗಡೆ ಮಾಡಿ ಅವಳ ಪ್ರಿಯನಿಗೆ ಒಪ್ಪಿಸಿದವಳು. ಶಕಾರನು ಅವಳ ಕುತ್ತಿಗೆ ಹಿಸುಕಿ ಸತ್ತಳೆಂದು ಬಿಟ್ಟುಹೋಗುತ್ತಾನೆ. ಯುರೋಪಿನ ಮೂಕಚಿತ್ರವಾಗಿದ್ದರೆ ಕಥೆಯು ಅಲ್ಲಿಗೇ ಮುಗಿಯುತ್ತಿತ್ತೋ ಏನೋ. ಶೂದ್ರಕನು ಅವಳನ್ನು ಎಬ್ಬಿಸುತ್ತಾನೆ. ಕೊನೆಗೆ ಹೊಸ ಅರಸನು ಅವಳಿಗೆ 'ವಧು' ಎಂಬ ಪದವಿಯನ್ನು ದಯಪಾಲಿಸುತ್ತಾನೆ. ಇಲ್ಲಿ ಪತನವಿಲ್ಲ, ಆರೋಹಣವಿದೆ. ಆದರೆ ಆರೋಹಣದ ಮೆಟ್ಟಿಲನ್ನು ಇಟ್ಟವನು ಅರಸನೆಂಬುದನ್ನೂ, ಏರಿದ ಮೇಲೆ ಅವಳು ಗಣಿಕೆಯಾಗಿ ಉಳಿಯುವಂತಿಲ್ಲವೆಂಬುದನ್ನೂ ಮರೆಯಬಾರದು. ಶೂದ್ರಕನ ಔದಾರ್ಯಕ್ಕೂ ಒಂದು ಮೇರೆಯುಂಟು. ಇದೇ ಕಥೆ 1941ರಲ್ಲಿ ಕನ್ನಡದಲ್ಲಿ ಮಾತಿನ ಚಿತ್ರವಾಗಿಯೂ ಬಂದಿತು.

ಮಗ್ದಾ ಬಿದ್ದಳು, ವಸಂತಸೇನೆ ಏರಿದಳು. ಎರಡು ಕಥೆಗಳಲ್ಲಿಯೂ ಕುಣಿಯುವ ಹೆಣ್ಣಿನ ಸ್ಥಾನವು ಅಸ್ಥಿರವಾದುದು. ಅವಳು ಇದ್ದಲ್ಲಿಯೇ ಇರಲಾರಳು. ಇದ್ದಲ್ಲಿಯೇ ಇದ್ದು, ತನ್ನ ಹೆಸರಿನಿಂದಲೇ ಮಾನ್ಯಳಾದವಳೊಬ್ಬಳು ಇತಿಹಾಸದಲ್ಲಿ ಉಂಟೇ ಎಂಬ ಪ್ರಶ್ನೆಗೆ ಬಾದಾಮಿಯ ನೆರೆಯ ಮಹಾಕೂಟದಲ್ಲಿ ಉತ್ತರವಿದೆ.

ಮಹಾಕೂಟೇಶ್ವರ ದೇವಾಲಯದ ಮುಖಮಂಟಪದ ಕಂಬವೊಂದರ ಮೇಲೆ ಬಾದಾಮಿ ಚಾಲುಕ್ಯ ಚಕ್ರವರ್ತಿ ವಿಜಯಾದಿತ್ಯನ ಕಾಲದ (696–733) ಒಂದು ಕನ್ನಡ ಶಾಸನವಿದೆ. ಹತ್ತೊಂಬತ್ತನೆಯ ಶತಮಾನದಲ್ಲಿ ಜೆ. ಎಫ್. ಫ್ಲೀಟರು ಇದನ್ನು ಪ್ರಕಟಿಸಿದಂದಿನಿಂದ ವಿದ್ವಾಂಸರಿಗೆ ಇದು ಪರಿಚಿತ. ವಿಜಯಾದಿತ್ಯನ ಪ್ರಾಣವಲ್ಲಭೆಯಾದ ವಿನಾಪೋಟಿಯು ಇಲ್ಲಿ ಹಿರಣ್ಯಗರ್ಭವನ್ನು ಮಾಡಿ, ಎಲ್ಲ ದಾನಗಳನ್ನೂ ಕೊಟ್ಟು, ದೇವರ ಪೀಠವನ್ನು ಮಾಣಿಕ್ಯದಿಂದ ಕಟ್ಟಿಸಿ, ಬೆಳ್ಳಿಯ ಕೊಡೆಯನ್ನು ಏರಿಸಿ, ಮಂಗಳುಲ್ಲೆಯಲ್ಲಿ ಎಂಟುನೂರರ ಅಳತೆಯ ಕ್ಷೇತ್ರವನ್ನು ಬಿಟ್ಟಳೆಂಬುದು ಅದರ ತಾತ್ಪರ್ಯ. ಆಕೆಯನ್ನು ಶಾಸನವು ಮುಚ್ಚುಮರೆಯಿಲ್ಲದೆ 'ಸೂಳೆಯರ್' ಎಂದು ಕರೆಯುತ್ತದೆ.

ಈ ಬಹುವಚನವು ವಿಚಾರಾರ್ಹವಾಗಿದೆ. ಹೇಳುತ್ತಿರುವುದು ಒಬ್ಬರ ವಿಷಯ. ಅಂತ್ಯದಲ್ಲಿರುವುದು ಗೌರವದ ಬಹುವಚನ. ಹೆಸರಿಗೂ ಅದೇ ಗೌರವ: 'ವಿನಾಪೋಟಿಗಳ್'. ಅವರ ತಾಯಿಗೂ ಅಜ್ಜಿಗೂ ಅದೇ. ಇಂದು ಬೈಗುಳಾಗಿರುವ ಶಬ್ದವನ್ನು ಎಂಟನೆಯ ಶತಮಾನದ ಕನ್ನಡವು ಅರಸಿಗೆ ಸಲ್ಲುವ ಪ್ರತ್ಯಯದೊಡನೆ ಬಳಸಿದೆ. ಶಾಸನವು ಬಹುವಚನದಿಂದ ಕರೆದವರನ್ನು ನಮ್ಮ ಪಠ್ಯಪುಸ್ತಕಗಳು 'ವಿನಾಪೋಟಿಯೆಂಬ ವೇಶ್ಯೆ' ಎಂದು ಏಕವಚನಕ್ಕೆ ಇಳಿಸುವುದುಂಟು. ಶಬ್ದವನ್ನು ಸೌಮ್ಯಗೊಳಿಸಿ 'ನರ್ತಕಿ' ಎಂದು ಬರೆಯುವವರೂ ಉಂಟು. ಅದೂ ಒಂದು ಬಗೆಯ ಮರೆಮಾಚುವಿಕೆಯೇ. ಮುಂದೆ ನಾವು ಇಲ್ಲಿ ಶಾಸನದ ಮರ್ಯಾದೆಯನ್ನೇ ಪಾಲಿಸುವೆವು.

ಎರಡನೆಯದಾಗಿ, ವಂಶಾವಳಿ. ರೇವಮಂಚಳು, ಅವರ ಮಗಳು ಕುಚಿಪೋಟಿ, ಅವರ ಮಗಳು ವಿನಾಪೋಟಿ. ಮೂರು ತಲೆಮಾರುಗಳ ಈ ಸಾಲಿನಲ್ಲಿ ಒಬ್ಬ ಪುರುಷನ ಹೆಸರೂ ಬರುವುದಿಲ್ಲ. ಇದನ್ನು ಅದೇ ಮಹಾಕೂಟದ ಇನ್ನೊಂದು ಪ್ರಸಿದ್ಧ ಶಾಸನದೊಡನೆ ಹೋಲಿಸಿ ನೋಡಬಹುದು. ಮಂಗಲೇಶನು 602ರಲ್ಲಿ ನಿಲ್ಲಿಸಿದ ಸಂಸ್ಕೃತ ಸ್ತಂಭಶಾಸನವನ್ನು ಅಲ್ಲಿಂದ ವಿಜಯಪುರಕ್ಕೆ ಸಾಗಿಸಲಾಗಿದೆ. ಅದರಲ್ಲಿ ಮಕುಟೇಶ್ವರನಾಥನಿಗೆ ಹತ್ತು ಹಳ್ಳಿಗಳ ದತ್ತಿಯನ್ನು ದೃಢಪಡಿಸಿದ ದುರ್ಲಭದೇವಿಯ ಪ್ರಸ್ತಾಪವಿದೆ. ಆಕೆ ಒಂದನೆಯ ಪುಲಕೇಶಿಯ ರಾಣಿ, ಬಟ್ಪೂರ ಕುಲದವಳು. ರಾಣಿಯನ್ನು ಗುರುತಿಸಲು ಗಂಡನೂ ತವರಿನ ಕುಲವೂ ಬೇಕಾದವು. ವಿನಾಪೋಟಿಯವರನ್ನು ಗುರುತಿಸಲು ವಲ್ಲಭನ ಜೊತೆಗೆ ತಾಯಿಯೂ ಅಜ್ಜಿಯೂ ಬಂದರು. ತಾಯಿಯಿಂದ ಮಗಳಿಗೆ ಇಳಿದುಬರುವ ವಿದ್ಯೆ ಮತ್ತು ಆಸ್ತಿಗಳ ಪರಂಪರೆಯೊಂದು ಇದ್ದಿರಬೇಕೆಂದು ಊಹಿಸಲು ಇಲ್ಲಿ ಅವಕಾಶವಿದೆ. ಬೇರಿಲ್ಲದ ಮಗ್ದಾಳನ್ನು ಇಲ್ಲಿ ಒಮ್ಮೆ ನೆನೆಯಬೇಕು.

ಮೂರನೆಯದು ಹಿರಣ್ಯಗರ್ಭ. ಚಿನ್ನದ ಪಾತ್ರೆಯನ್ನು ಗರ್ಭವೆಂದು ಭಾವಿಸಿ, ಅದರೊಳಗೆ ಪ್ರವೇಶಿಸಿ, ಹೊಸದಾಗಿ ಹುಟ್ಟಿಬಂದಂತೆ ಹೊರಬಂದು, ಆ ಚಿನ್ನವನ್ನು ದಾನಮಾಡುವ ಮಹಾದಾನವಿದು. ಸಾಮಾನ್ಯವಾಗಿ ಅರಸರಿಗೆ ಸಲ್ಲತಕ್ಕುದು. ಬಾದಾಮಿಯ ಬಂಡೆಯ ಮೇಲೆ 543ರಲ್ಲಿ ಕೊರೆದ ಶಾಸನವು, ಕೋಟೆ ಕಟ್ಟಿಸಿದ ಒಂದನೆಯ ಪುಲಕೇಶಿಯನ್ನು ಹಿರಣ್ಯಗರ್ಭದಿಂದ ಸಂಭವಿಸಿದವನೆಂದು ಬಣ್ಣಿಸುತ್ತದೆ. ಚಾಲುಕ್ಯ ವಂಶವು ಅರಸುತನವನ್ನು ಪಡೆದುಕೊಂಡ ವಿಧಿಗಳಲ್ಲಿ ಒಂದನ್ನು, ಸುಮಾರು ಒಂದೂವರೆ ಶತಮಾನ ಕಳೆದ ಮೇಲೆ, ಅದೇ ಸೀಮೆಯಲ್ಲಿ, ಸೂಳೆಯರೆಂದು ಕರೆಸಿಕೊಂಡ ಹೆಂಗಸೊಬ್ಬರು ಆಚರಿಸಿದರು. ಶೂದ್ರಕನ ನಾಯಿಕೆಗೆ ಪದವಿಯನ್ನು ಅರಸನು ಕೊಡಬೇಕಾಯಿತು. ವಿನಾಪೋಟಿಯವರು ದಾನ ಕೊಟ್ಟವರು. ಆ ಸಂಪತ್ತು ಅರಸನ ಒಲವಿನಿಂದ ಬಂದುದೆಂದು ಯಾರಾದರೂ ಆಕ್ಷೇಪಿಸಬಹುದು; ರಾಣಿಯರ ಸಂಪತ್ತು ಮತ್ತೆಲ್ಲಿಂದ ಬಂದಿತು?

ಈ ಶಾಸನವು ಏಕಾಂಗಿಯಾಗಿ ನಿಂತಿಲ್ಲ. ಬಾದಾಮಿಯ ಒಂದನೆಯ ಗುಹೆಯ ಬಾಗಿಲಲ್ಲಿ ಹದಿನೆಂಟು ತೋಳುಗಳ ನಟರಾಜನು ಕುಣಿಯುತ್ತಾನೆ. 578ರ ಮೂರನೆಯ ಗುಹೆಯ ಮಾಸಿಹೋದ ವರ್ಣಚಿತ್ರಗಳಲ್ಲಿ ವಾದ್ಯಗಾರ್ತಿಯರೊಡಗೂಡಿದ ನರ್ತನದ ದೃಶ್ಯವೊಂದನ್ನು ಗುರುತಿಸಲಾಗಿದೆ. ಪಟ್ಟದಕಲ್ಲಿನಲ್ಲಿ ವಿರೂಪಾಕ್ಷ ದೇವಾಲಯವನ್ನು ಕಟ್ಟಿಸಿದ ಲೋಕಮಹಾದೇವಿಯು, ವಿಜಯಾದಿತ್ಯನು ಗಾಯಕರಿಗೆ ಕೊಟ್ಟಿದ್ದ ಮರ್ಯಾದೆಯನ್ನು ಸ್ಥಿರೀಕರಿಸಿದಳೆಂದು ಅಲ್ಲಿಯ ಶಾಸನ ಹೇಳುತ್ತದೆ. ಗೀತ, ವಾದ್ಯ, ನೃತ್ಯಗಳು ರಾಜ್ಯದ ಗೌರವಕ್ಕೆ ಪಾತ್ರವಾದ ವೃತ್ತಿಗಳಾಗಿದ್ದವೆಂಬುದು ಇದರಿಂದ ವಿದಿತವಾಗುತ್ತದೆ.

ಇಲ್ಲಿ ಒಂದು ಎಚ್ಚರಿಕೆಯನ್ನು ಹೇಳದೆ ಮುಂದುವರಿಯುವುದು ಅಪಾಯಕರ. ವಿನಾಪೋಟಿಯವರ ಶಾಸನವನ್ನು ತೋರಿಸಿ, ಪ್ರಾಚೀನ ಕರ್ನಾಟಕದಲ್ಲಿ ಈ ವೃತ್ತಿಯ ಹೆಂಗಸರೆಲ್ಲ ಸುಖದಿಂದ ಇದ್ದರೆಂದೂ, ಆದುದರಿಂದ ದೇವದಾಸಿ ಪದ್ಧತಿಯು ಮೂಲತಃ ಪವಿತ್ರವಾದುದೆಂದೂ ವಾದಿಸುವವರುಂಟು. ಈ ವಾದವನ್ನು ನಾವು ಒಪ್ಪುವುದಿಲ್ಲ. ಚಕ್ರವರ್ತಿಯ ವಲ್ಲಭೆಯೊಬ್ಬರ ಕಂಬವು ಆ ವೃತ್ತಿಯ ಸಾವಿರ ಜನರ ಸಾಕ್ಷ್ಯವಾಗದು. ಬೆಳ್ಳಿಯ ಕೊಡೆ ಏರಿಸಲಾರದವರು ಕಂಬದ ಮೇಲೆ ಬರುವುದಿಲ್ಲ. ಇಂದಿನ ಬಾಗಲಕೋಟೆ ಜಿಲ್ಲೆಗೆ ಸೇರಿದ ಮುಧೋಳ, ಜಮಖಂಡಿ ಕಡೆಯ ಹಳ್ಳಿಗಳಲ್ಲಿ ಬಡ ಕುಟುಂಬಗಳ ಎಳೆಯ ಹೆಣ್ಣುಮಕ್ಕಳ ಕೊರಳಿಗೆ ಮುತ್ತು ಕಟ್ಟಿ ಬಿಟ್ಟ ಇತಿಹಾಸವನ್ನು ಯಾವ ಶಾಸನದಿಂದಲೂ ತೊಳೆಯಲಾಗದು. ಶಾಸನದಿಂದ ಸಿದ್ಧವಾಗುವುದು ಇಷ್ಟೇ: ಆ ಕಾಲದ ಭಾಷೆಯಲ್ಲಿ ಸೂಳೆ ಎಂಬುದು ಸ್ಥಾನವಾಚಕವಾದ ಶಬ್ದ, ಪತನವಾಚಕವಾದುದಲ್ಲ. ಇಷ್ಟು ಸಿದ್ಧವಾದರೂ ಅದು ಅಲ್ಪವೇನಲ್ಲ.

ಶಬ್ದದ ಮುಂದಿನ ಪಯಣದಲ್ಲಿ ಹುನಗುಂದ ಸೀಮೆಯೂ ಬರುತ್ತದೆ. ಬಸವಣ್ಣನವರು ವಿದ್ಯೆ ಕಲಿತು ಐಕ್ಯರಾದ ಕೂಡಲಸಂಗಮವು ಆ ಸೀಮೆಯಲ್ಲಿದೆ. ಹನ್ನೆರಡನೆಯ ಶತಮಾನದ ಆ ಶರಣ ಸಮೂಹದಲ್ಲಿ ಸೂಳೆ ಸಂಕವ್ವೆ ಎಂಬ ವಚನಕಾರ್ತಿಯ ಹೆಸರು ಉಳಿದಿದೆ. ದೊರೆತಿರುವುದು ಒಂದೇ ವಚನ, ಅಂಕಿತ 'ನಿರ್ಲಜ್ಜೇಶ್ವರ'. ಒಬ್ಬನಿಂದ ಮುಂಗಡ ಪಡೆದ ಮೇಲೆ ಇನ್ನೊಬ್ಬನಿಂದ ಪಡೆಯಲಾಗದೆಂಬ ತನ್ನ ವೃತ್ತಿಯ ಕಟ್ಟಳೆಯನ್ನೇ ಅವಳು ವ್ರತನಿಷ್ಠೆಗೆ ದೃಷ್ಟಾಂತವಾಗಿ ತರುತ್ತಾಳೆ. ಶರಣೆಯಾದ ಮೇಲೂ ಹಳೆಯ ವೃತ್ತಿಯ ಹೆಸರು ಅವಳನ್ನು ಬಿಡಲಿಲ್ಲ. ಅಂಕಿತವನ್ನು ನೋಡಿದರೆ, ಲಜ್ಜೆ ಯಾರು ಪಡಬೇಕೆಂಬ ಪ್ರಶ್ನೆಯು ಆಗಲೇ ಎದ್ದಿತ್ತೆಂದು ತೋರುತ್ತದೆ. ಮಹಾಕೂಟದ ಕಾಲದಲ್ಲಿ ಆ ಪ್ರಶ್ನೆಯ ಸುಳಿವೂ ಇಲ್ಲ. ನಾಲ್ಕು ಶತಮಾನಗಳ ಈ ಅಂತರದಲ್ಲಿ ಶಬ್ದದ ಬಣ್ಣವು ಮಾಸತೊಡಗಿತ್ತು.

ಮಾಸಿದ ಶಬ್ದವನ್ನು ಪೂರಾ ಕಪ್ಪಾಗಿಸಿದುದು ಹತ್ತೊಂಬತ್ತು, ಇಪ್ಪತ್ತನೆಯ ಶತಮಾನಗಳ ಸುಧಾರಣೆ ಮತ್ತು ಕಾಯಿದೆಗಳ ಭಾಷೆ. ಮೈಸೂರು ಸಂಸ್ಥಾನವು 1909ರಲ್ಲಿ ಮುಜರಾಯಿ ದೇವಾಲಯಗಳಲ್ಲಿ ದೇವದಾಸಿಯರ ಸೇವೆಯನ್ನು ನಿಲ್ಲಿಸಿತು. ಬಾಗಲಕೋಟೆ, ಬಾದಾಮಿ, ಹುನಗುಂದಗಳು ಆಗ ಮುಂಬಯಿ ಪ್ರಾಂತದ ವಿಜಯಪುರ ಜಿಲ್ಲೆಗೆ ಸೇರಿದ್ದರಿಂದ ಅವುಗಳಿಗೆ ಅನ್ವಯಿಸಿದುದು 1934ರ ಮುಂಬಯಿ ದೇವದಾಸಿ ಸಂರಕ್ಷಣ ಕಾಯಿದೆ. ಹೆಣ್ಣನ್ನು ದೇವರಿಗೆ ಬಿಡುವುದು ಅಪರಾಧವೆಂದೂ, ಹಾಗೆ ಬಿಟ್ಟವಳ ವಿವಾಹವು ಸಿಂಧುವೆಂದೂ ಅದು ವಿಧಿಸಿತು. ಕರ್ನಾಟಕದ ಸ್ವಂತ ನಿಷೇಧ ಕಾಯಿದೆ ಬಂದುದು 1982ರಲ್ಲಿ. ಈ ಕಾಯಿದೆಗಳ ಅಗತ್ಯವನ್ನು ಯಾರೂ ಅಲ್ಲಗಳೆಯಲಾರರು. ಆದರೆ ಇವುಗಳ ಸುತ್ತ ಬೆಳೆದ ಮಾತಿನಲ್ಲಿ ಹೆಣ್ಣು 'ಉದ್ಧರಿಸಲ್ಪಡಬೇಕಾದ ಪತಿತೆ'ಯಾದಳು. ಮುಂಬಯಿ ಕಾಯಿದೆಯ ವರ್ಷವೇ ಕನ್ನಡದ ಮೊದಲ ಮಾತಿನ ಚಿತ್ರ 'ಸತಿ ಸುಲೋಚನ' ತೆರೆಗೆ ಬಂದುದು ಕಾಕತಾಳೀಯವಿರಬಹುದು. ಪ್ರೇಕ್ಷಕರ ಮುಂದೆ ಆಗ ಎರಡೇ ಹೆಣ್ಣುಗಳಿದ್ದರು, ಸತಿ ಮತ್ತು ಪತಿತೆ. ಮಹಾಕೂಟದ ಮೂರನೆಯ ಹೆಣ್ಣಿಗೆ ಅಲ್ಲಿ ಜಾಗವಿರಲಿಲ್ಲ.

ಈ ಸೀಮೆಯ ಜನಪದ ಮತ್ತು ವೃತ್ತಿ ರಂಗಭೂಮಿಗಳ ಪೂರ್ಣ ವಿವರವು ಇಲ್ಲಿ ಅಪ್ರಕೃತ. ಆದರೂ ಎರಡು ಮಾತು. ಬೆಳಗಾವಿ, ವಿಜಯಪುರ ಸೀಮೆಗಳಲ್ಲಿ ಪ್ರಚುರವಾದ 'ಸಂಗ್ಯಾ ಬಾಳ್ಯಾ' ಸಣ್ಣಾಟದಲ್ಲಿ ಪರಪುರುಷನಿಗೆ ಒಲಿದವಳು ಗಂಗಿ, ಕೊಲೆಯಾಗುವವನು ಸಂಗ್ಯಾ. ಕುಣಿತ, ಹಾಡು, ಜಾರತ್ವ ಎಲ್ಲವೂ ಇರುವ ಈ ದುರಂತದಲ್ಲಿ ನೋಡುವವರ ಕಣ್ಣೀರು ಹರಿಯುವುದು ಗೆಳೆಯನ ದ್ರೋಹಕ್ಕೆ. ವೃತ್ತಿರಂಗಭೂಮಿಯಲ್ಲಿ, ಹುನಗುಂದ–ಇಳಕಲ್ಲ ಸೀಮೆಯ ಕಂದಗಲ್ಲಿನವರಾದ ಹನುಮಂತರಾಯರು (1896–1966) 'ರಕ್ತರಾತ್ರಿ'ಯಂಥ ನಾಟಕಗಳಿಂದ ಉತ್ತರ ಕರ್ನಾಟಕವನ್ನು ಸೂರೆಗೊಂಡರು. ಬನದ ಹುಣ್ಣಿಮೆಯಿಂದ ವಾರಗಟ್ಟಲೆ ನಡೆಯುವ 'ಬಾದಾಮಿ ಬನಶಂಕರಿ'ಯ ಜಾತ್ರೆಯಲ್ಲಿ ನಾಟಕ ಕಂಪನಿಗಳು ಸಾಲಾಗಿ ಡೇರೆ ಹಾಕಿ ಬೆಳಗಿನವರೆಗೆ ಆಡುವ ಪದ್ಧತಿಯುಂಟು. ರಂಗದ ಮೇಲಿನ ಹೆಣ್ಣನ್ನು ಈ ಸೀಮೆಯ ಜನ ನೋಡಲು ಕಲಿತುದು ಇಲ್ಲಿ: ಮೊದಲು ಗಂಡಸರ ಸ್ತ್ರೀಪಾತ್ರ, ಅನಂತರ ಹೆಂಗಸರೇ ವಹಿಸಿದ ಸ್ತ್ರೀಪಾತ್ರ.

ಅಂಥ ರಂಗಭೂಮಿಯಿಂದ ಮುಂಬಯಿಗೆ ಹೋದವರು ಬೀಳಗಿಯ ಸೋದರಿಯರಾದ ಗೋಹರಬಾಯಿ ಮತ್ತು ಅಮೀರಬಾಯಿ ಕರ್ನಾಟಕಿ. ಬೀಳಗಿಯು ಬಾಗಲಕೋಟೆಗೆ ಹತ್ತಿರದ ಊರು. ರಹಮತ್ ತರೀಕೆರೆಯವರು ಅಮೀರಬಾಯಿಯವರ ಜೀವನಚರಿತ್ರೆಯನ್ನು ಬರೆದಿರುವುದರಿಂದ ಆ ವಿವರಗಳನ್ನು ಇಲ್ಲಿ ವಿಸ್ತರಿಸುವುದಿಲ್ಲ. ನಮ್ಮ ವಿಷಯಕ್ಕೆ ಬೇಕಾದವು ಕೆಲವೇ. ಮರಾಠಿ ರಂಗಭೂಮಿಯಲ್ಲಿ ಸ್ತ್ರೀಪಾತ್ರದ ಪರಮಾವಧಿಯೆನಿಸಿದ್ದ ಬಾಲಗಂಧರ್ವರ (1888–1967) ಇಳಿವಯಸ್ಸಿನಲ್ಲಿ ಗೋಹರಬಾಯಿ ಅವರ ಮಂಡಲಿಯನ್ನು ಸೇರಿ ನಾಯಿಕೆಯ ಪಾತ್ರಗಳನ್ನು ವಹಿಸಿದರು, ಬಾಳಿನಲ್ಲಿಯೂ ಜೊತೆಯಾದರು. ಬಾಲಗಂಧರ್ವರ ಅವನತಿಗೆ ಮಹಾರಾಷ್ಟ್ರದ ಬಹುಜನರು ದೂಷಿಸಿದುದು ಈ ಕನ್ನಡದ ಹೆಣ್ಣನ್ನು. ಬೋಲಪಟವು ಬಂದು ಸಂಗೀತನಾಟಕದ ಕಾಲವೇ ಮುಗಿಯುತ್ತಿದ್ದುದು, ಮಂಡಲಿಯ ಸಾಲ, ನಟನ ವಯಸ್ಸು ಇವಾವುವೂ ಆ ಕಥೆಯಲ್ಲಿ ಬರುವುದಿಲ್ಲ. ಹೆಣ್ಣಿನ ಪತನದ ಸೂತ್ರವು ಎಷ್ಟು ಬಲವಾದುದೆಂದರೆ, ಬಿದ್ದವನು ಗಂಡಸಾದಾಗಲೂ ಅದು ಹೆಣ್ಣನ್ನೇ ಹುಡುಕುತ್ತದೆ.

ಅಮೀರಬಾಯಿಯವರ ಕೀರ್ತಿಯು ಶಿಖರಕ್ಕೇರಿದುದು 1943ರ 'ಕಿಸ್ಮತ್' ಚಿತ್ರದ ಹಾಡುಗಳಿಂದ. ಕಲಕತ್ತೆಯ ಒಂದೇ ಚಿತ್ರಮಂದಿರದಲ್ಲಿ ಮೂರು ವರ್ಷಕ್ಕೂ ಮೇಲ್ಪಟ್ಟು ಓಡಿದ ಚಿತ್ರವದು. ಅದರ ಕಥೆಯನ್ನು ಮೂಕಚಿತ್ರದ ಸೂತ್ರದ ಬೆಳಕಿನಲ್ಲಿ ಓದಬೇಕು. ನಾಯಿಕೆ ರಾಣಿ ಬಾಲ್ಯದಲ್ಲಿ ಪ್ರಸಿದ್ಧ ನರ್ತಕಿ. ತಂದೆಯೇ ಅವಳನ್ನು ಮಿತಿಮೀರಿ ಕುಣಿಸಿ ಕಾಲು ಊನವಾಗುವಂತೆ ಮಾಡಿದ್ದಾನೆ. ಅವಳ ತಂಗಿ ಮದುವೆಗೆ ಮುನ್ನ ಗರ್ಭಿಣಿಯಾಗುತ್ತಾಳೆ. ನರ್ತನವೂ 'ಪತನ'ವೂ ಎರಡೂ ಇವೆ, ಆದರೆ ಹಳೆಯ ಗಂಟು ಬಿಚ್ಚಿದೆ: ಕುಣಿದವಳಿಗೆ ಕೇಡು ಬಂದುದು ಕುಣಿತದ ಪಾಪದಿಂದಲ್ಲ, ಕುಣಿಸಿದವನ ದುರಾಸೆಯಿಂದ, ತಂಗಿಗೆ ಶಿಕ್ಷೆಯಿಲ್ಲ, ಮದುವೆಯುಂಟು. ತೆರೆಯ ಮೇಲೆ ಮುಮ್ತಾಜ್ ಶಾಂತಿಯವರು ಕಾಲೆಳೆಯುತ್ತ ನಡೆದರೆ, ಕೇಳಿಬರುವ ಕೊರಳು ಬೀಳಗಿಯದು. ಅಸ್ತಾ ನೀಲ್ಸನ್ನರ ಮಗ್ದಾಳಿಗೆ ಮೈ ಇದ್ದಿತು, ದನಿ ಇರಲಿಲ್ಲ.

ಅಮೀರಬಾಯಿಯವರ ಸ್ವಂತ ಬಾಳಿನಲ್ಲಿ ದುಃಖವು ಕಡಿಮೆಯಿರಲಿಲ್ಲ. ಚಿತ್ರನಟನೊಬ್ಬನೊಡನೆ ಆದ ಮೊದಲ ವಿವಾಹವು ಹಿಂಸೆಯಲ್ಲಿ ಕೊನೆಗೊಂಡಿತು. ಹಿನ್ನೆಲೆಗಾಯನದ ಹೊಸ ಪೀಳಿಗೆ ಬಂದ ಮೇಲೆ ಅವಕಾಶಗಳೂ ಕುಗ್ಗಿದವು. ಇಷ್ಟನ್ನೇ ಆಯ್ದು ಜೋಡಿಸಿದರೆ ಮತ್ತೊಂದು ದುರಂತ ಮೂಕಚಿತ್ರ ಸಿದ್ಧವಾದೀತು. ಆದರೆ ಅವರು ಮತ್ತೆ ವಿವಾಹವಾದರು, ಹಾಡಿದರು, ನಟಿಸಿದರು, ಗಳಿಸಿದರು. 1965ರಲ್ಲಿ ತೀರಿಕೊಂಡ ಅವರ ದೇಹವು ವಿಜಯಪುರದ ಮಣ್ಣನ್ನು ಸೇರಿತು. ಅದೇ ಊರಿನಲ್ಲಿ ಅವರ ಹೆಸರನ್ನು ಹೊತ್ತ ಒಂದು ಚಿತ್ರಮಂದಿರವೂ ನಿಂತಿತು. ಅದರ ಹೆಸರು ಅಮೀರ್ ಟಾಕೀಜ್.